ಹೆಸರಿಲ್ಲದ ಡಿಎಲ್‌ಎಲ್

ಗಂಡನ ಅಂತ್ಯಕ್ರಿಯೆಗೆ ಬಂದ ನೆಂಟರೆಲ್ಲ ಹೊರಟುಹೋದ ಮೊದಲ ಬೆಳಿಗ್ಗೆ ಅವಳು ಅವನ ಮೇಜಿನ ಮುಂದೆ ಕೂತಳು. ಮೇಲಿದ್ದ ಕಂಪ್ಯೂಟರ್ ಮುದ್ರಣಾಲಯದ ಯಜಮಾನರದು. ಅಚ್ಚಿನ ಯಂತ್ರ ರಿಪೇರಿಗೆ ಹೋಗಿದ್ದಾಗ ಗಂಡ ಎರವಲು ತಂದಿದ್ದ. ಯಂತ್ರ ಇವತ್ತು ಮರಳಿ ಬರುತ್ತಿತ್ತು, ಅದನ್ನು ನಡೆಸುವ ಪ್ರೋಗ್ರಾಂ ಇದರಲ್ಲೇ ಇತ್ತು.

ಗಂಡ ಅದರಲ್ಲಿ ತುಂಬಿಸಿದ್ದನ್ನು ಅಳಿಸಿ ಕಂಪ್ಯೂಟರನ್ನು ಹಿಂದಿರುಗಿಸಬೇಕು. ಆದರೆ ಪ್ರೋಗ್ರಾಂಗಳು ಓಡಲು ಬೇಕಾದ ಡಿಎಲ್‌ಎಲ್ ಕಡತಗಳೆಲ್ಲ ಒಂದೇ ಫೋಲ್ಡರಿನಲ್ಲಿ ಕಲಸುಮೇಲೋಗರವಾಗಿದ್ದವು. ಒಂದೊಂದನ್ನೂ ಹಲವು ಪ್ರೋಗ್ರಾಂಗಳು ಹಂಚಿಕೊಳ್ಳುತ್ತವೆ. ತಪ್ಪಾದದ್ದನ್ನು ಅಳಿಸಿದರೆ ಮುದ್ರಣಾಲಯವೇ ನಿಲ್ಲುತ್ತದೆ. ತಯಾರಕರ ಹೆಸರು ನೋಡಿ ಕಂಪ್ಯೂಟರಿನದು, ಯಜಮಾನರದು, ಗಂಡನದು ಎಂದು ಬೇರ್ಪಡಿಸಿದಳು. ಒಂದಕ್ಕೆ ಮಾತ್ರ ತಯಾರಕರ ಹೆಸರೇ ಇರಲಿಲ್ಲ.

"ದಿಕ್ಕುದೆಸೆ ಇಲ್ಲದ್ದು ವೈರಸ್ಸೇ ಅತ್ತಿಗೆ, ಅಳಿಸ್ಬಿಡಿ," ಎಂದ ಮನೆಯಲ್ಲೇ ಉಳಿದಿದ್ದ ಮೈದುನ. "ಅಣ್ಣ ಕಂಡಿದ್ದೆಲ್ಲ ತಂದು ಗುಡ್ಡೆ ಹಾಕೋನು."

ಅವಳಿಗೆ ಧೈರ್ಯ ಬರಲಿಲ್ಲ. ಅಳಿಸದೆ, ಕಡತದ ಹೆಸರನ್ನಷ್ಟೇ ಬದಲಿಸಿ ಅಚ್ಚಿನ ಪ್ರೋಗ್ರಾಂ ಒತ್ತಿದಳು. ಅದು ತೆರೆಯಲಿಲ್ಲ. ಹಳೆಯ ಹೆಸರನ್ನೇ ಕೊಟ್ಟಾಗ ತೆರೆದುಕೊಂಡಿತು. ಕಡತದ ತಾರೀಖು ಕಳೆದ ತಿಂಗಳಿನದು, ಕಂಪ್ಯೂಟರ್ ಗಂಡನ ಬಳಿಯೇ ಇದ್ದಾಗಿನದು. ಮುಗ್ಗರಿಸುತ್ತದೆಂದು ಯಜಮಾನರು ದೂರುತ್ತಿದ್ದ ಪ್ರೋಗ್ರಾಮನ್ನು ಗಂಡನೇ, ಎರವಲಿನ ಉಪಕಾರಕ್ಕೆಂದು, ಯಾರಿಗೂ ಹೇಳದೆ ಸರಿಮಾಡಿದ್ದ. ಈಗ ಅದರ ಒಳಗು ಬಲ್ಲವರು ಯಾರೂ ಉಳಿದಿರಲಿಲ್ಲ.

ಮುದ್ರಣಾಲಯದ ಬಾಗಿಲಲ್ಲಿ ಅವಳು ಯಜಮಾನರಿಗೆ, "ಒಂದು ಕಡತ ಬಿಟ್ಟಿದೀನಿ. ಅದನ್ನ ಮುಟ್ಬೇಡಿ, ಎಲ್ಲ ನಿಂತ್ಹೋಗುತ್ತೆ," ಎಂದಳು.

"ಅದೇ ಕೆಟ್ರೆ ಯಾರನ್ನ ಕೇಳ್ಲಮ್ಮ?"

"ನನ್ನನ್ನೇ ಕೇಳಿ."

ಆ ಕಡತದ ಒಳಗು ತನಗೂ ಗೊತ್ತಿಲ್ಲವೆಂದು ಅವಳಿಗೆ ತಿಳಿದಿತ್ತು. ಆದರೂ ಕಂಪ್ಯೂಟರನ್ನು ಅವರ ಕೈಗಿಟ್ಟಳು.