ಅತ್ತೆಯ ಗಂಟಲು ಕಟ್ಟಿದ ದಿನ

ಎಲ್ಲಿಂದ ಶುರು ಮಾಡಲಿ? ಮೂಲೆಯ ಖಾಲಿ ಸೈಟಿನ ಕಸದ ಗುಡ್ಡೆಯಿಂದ ಶುರು ಮಾಡಿ ನೋಡಿದೆ. ಎರಡನೇ ಸಾಲಿಗೆ ನನಗೇ ವಾಸನೆ ಬಂತು. ಹರಿದು ಹಾಕಿದೆ. ಟೈಲರಮ್ಮನಿಂದಲೇ ಶುರುವಾಗಲಿ.

೧

ಟೈಲರಮ್ಮ ಕೆಳಮನೆಯಲ್ಲಿ ಬಟ್ಟೆ ಹೊಲಿಯುತ್ತಾಳೆ. ಮಹಡಿಯಲ್ಲಿರುವ ಅವಳ ಓರಗಿತ್ತಿ ವ್ಯಾನಮ್ಮ ಶಾಲೆಮಕ್ಕಳ ವ್ಯಾನು ಓಡಿಸುತ್ತಾಳೆ. ಮೇಲಿನಿಂದ ಚೆಲ್ಲಿದ ನೀರು ಗಿರಾಕಿಯ ಹೊಸ ಕೋಟಿನ ಮೇಲೆ ಬಿದ್ದಂದಿನಿಂದ ಇಬ್ಬರಿಗೂ ಮಾತಿಲ್ಲ. ಆದರೂ ಆ ಸೈಟು ಮಕ್ಕಳು ಆಡುವ, ವಯಸ್ಸಾದವರು ಕೂರುವ ಜಾಗವಾಗಬೇಕು ಅಂತ ಬೀದಿಯವರನ್ನು ಒಟ್ಟುಗೂಡಿಸಿದವರು ಇವರಿಬ್ಬರೇ. (ನಾನೇನು ಮಾಡಲಿ, ಅವರು ಇರೋದೇ ಹಾಗೆ.) ನಡುವೆ ಮಾತು ಸಾಗಿಸಲು ಅತ್ತೆ.

"ಅತ್ತೆ, ಸಲಿಕೆ ತರೋಕೆ ಹೇಳಿ ಅವಳಿಗೆ."

"ಆಗಲೇ ವ್ಯಾನಲ್ಲಿ ಹಾಕಿದೀನಿ ಅಂತ ಹೇಳಿ ಅತ್ತೆ ಅವರಿಗೆ."

ಭಾನುವಾರ ಬೀದಿಗೆ ಬೀದಿಯೇ ಇಳಿದು ಕಸ ಎತ್ತಿತು. ಸೈಟು ಸ್ವಚ್ಛವಾದದ್ದೇ ತಡ, ನಗರಸಭೆಯವರು ಬಂದು 'ಪಾರ್ಕಿಂಗ್ ಜಾಗ' ಅಂತ ಬೋರ್ಡು ನೆಟ್ಟರು. ತಕರಾರಿದ್ದರೆ ಬುಧವಾರ ಆಫೀಸಿಗೆ ಬನ್ನಿ ಅಂದರು. ಬುಧವಾರವೇ ಅತ್ತೆಯ ಗಂಟಲು ಕಟ್ಟಿತು. ಪಿಟಕ್ ಅನ್ನಲಿಲ್ಲ.

೨

ಆಫೀಸಿನ ವರಾಂಡದಲ್ಲಿ ಇಬ್ಬರೂ ಒಬ್ಬರನ್ನೊಬ್ಬರು ನೋಡಿದರು. ಟೈಲರಮ್ಮ ಬಿಕ್ಕಿ ಬಿಕ್ಕಿ ಅಳುತ್ತಾ ಓರಗಿತ್ತಿಯನ್ನು ತಬ್ಬಿ...

"ಏನ್ರೀ ಇದು? ನಾನ್ಯಾವಾಗ ಅತ್ತೆ?" ನಾನು ಓದುತ್ತಿದ್ದುದನ್ನು ಕೇಳುತ್ತಾ ಬಟ್ಟೆ ಕತ್ತರಿಸುತ್ತಿದ್ದ ಟೈಲರಮ್ಮ ಕತ್ತರಿ ಕೆಳಗಿಟ್ಟಳು. (ಇಲ್ಲಿ 'ಅತ್ತೆ' ಅಂದರೆ ಅತ್ತದ್ದು. ಅತ್ತೆಯವರು ಮನೆಯಲ್ಲಿ ಬಿಸಿನೀರು ಕುಡಿಯುತ್ತಿದ್ದಾರೆ.)

"ಕಥೆ ಸ್ವಲ್ಪ ಎಮೋಷನಲ್ ಆಗಲಿ ಅಂತ..."

"ಆಗಿದ್ದನ್ನ ಬರೀರಿ."

ಸರಿಯಮ್ಮ.

ಮತ್ತೆ ೨

ಹೊಲಿಗೆ ಮಷಿನ್ ಮುಂದೆ ಬಾಯಿ ಮುಚ್ಚದ ಟೈಲರಮ್ಮನಿಗೆ ಸಾಹೇಬರ ಮೇಜಿನ ಮುಂದೆ ನಾಲಿಗೆಯೇ ಏಳಲಿಲ್ಲ. "ಸರ್, ಮಕ್ಕಳು..." ಅಂದವಳು ಅಲ್ಲೇ ನಿಂತಳು.

ವ್ಯಾನಮ್ಮ ಎದ್ದಳು. "ಸರ್, ಮಕ್ಕಳು ರಸ್ತೆಯಲ್ಲೇ ಆಡ್ತಾರೆ, ಅದನ್ನ ಹೇಳೋಕೆ ಹೇಳಿ ಅವರಿಗೆ."

ಸಾಹೇಬರು ಕಕ್ಕಾಬಿಕ್ಕಿಯಾಗಿ ಟೈಲರಮ್ಮನ ಕಡೆ ತಿರುಗಿದರು. "ರಸ್ತೆಯಲ್ಲೇ ಆಡ್ತಾರಂತೆ."

"ಹೌದು ಅಂತ ಹೇಳಿ ಸರ್. ಮೊನ್ನೆ ಕಾರೊಂದು ನುಗ್ಗಿ ಬಂದಾಗ ಇವಳೇ ಅಡ್ಡ ನಿಂತು ಮಗುವನ್ನ ಎಳ್ಕೊಂಡಳು. ಯಾರ ಹತ್ರಾನೂ ಹೇಳ್ಕೊಂಡಿಲ್ಲ. ನಾನು ಕಿಟಕಿಯಿಂದ ನೋಡಿದೆ, ಎದೆ ಧಸಕ್ ಅಂತು. ಅದನ್ನೂ ಹೇಳಿ."

ವ್ಯಾನಮ್ಮ ನೆಲ ನೋಡಿದಳು. ಕಿಟಕಿಯ ವಿಷಯ ಅವಳಿಗೆ ಗೊತ್ತೇ ಇರಲಿಲ್ಲ.

ಆಮೇಲೆ ಟೈಲರಮ್ಮನನ್ನು ತಡೆಯುವವರೇ ಇಲ್ಲ. ಆ ಕಡೆ ಈ ಕಡೆ ತಿರುಗಿ ಸಾಹೇಬರ ಕತ್ತು ಉಳುಕುವುದೊಂದು ಬಾಕಿ. "ಆರು ತಿಂಗಳು ಜಾಗ ನಿಮ್ಮದು. ಹೇಗೆ ನಡೆಸ್ತೀರೋ ನೋಡೋಣ," ಅಂದರು.

೩

ಈಗ ಅಲ್ಲಿ ಎರಡು ಬೆಂಚುಗಳಿವೆ, ಕಿವಿ ಕಿವುಡಾಗುವಷ್ಟು ಮಕ್ಕಳಿದ್ದಾರೆ.

ಮುಕ್ತಾಯ ಅ: ಇಬ್ಬರೂ ರಾಜಿಯಾದರು. (ಇಬ್ಬರೂ ಒಪ್ಪುತ್ತಿಲ್ಲ.)

ಮುಕ್ತಾಯ ಆ: ಆಗಲೇ ಇಲ್ಲ. (ಅತ್ತೆ ಒಪ್ಪುತ್ತಿಲ್ಲ. ಗಂಟಲು ಸರಿಹೋಗಿದೆ, ಜೋರಾಗಿಯೇ ಒಪ್ಪುತ್ತಿಲ್ಲ.)

ಇವತ್ತು ಸಂಜೆ ಟೈಲರಮ್ಮ ಒಂದು ಬೆಂಚಿನಲ್ಲಿ ಕೂತಿದ್ದಳು. ಇನ್ನೊಂದು ಖಾಲಿಯಿತ್ತು. ವ್ಯಾನಿನಿಂದ ಇಳಿದ ವ್ಯಾನಮ್ಮ ಆ ಖಾಲಿ ಬೆಂಚನ್ನು ದಾಟಿ ಈ ಕಡೆಗೇ ಬಂದಳು. ನಾನು ಗಬಕ್ಕನೆ ಪೆನ್ನು ಎತ್ತಿಕೊಂಡೆ.

"ಏನ್ರೀ, ಕಿವಿ ನಿಗುರಿಸ್ಕೊಂಡು ಕೂತಿದೀರಿ? ಮನೆಗೆ ಹೋಗಿ," ಅಂದಳು ಟೈಲರಮ್ಮ, ಪಕ್ಕಕ್ಕೆ ಸರಿದು ಜಾಗ ಬಿಡುತ್ತಾ. ಆಮೇಲೆ ನನ್ನ ಭುಜದಾಚೆ, ಇದನ್ನು ಓದುತ್ತಿರುವ ನಿಮ್ಮ ಕಡೆ ಕೈ ತೋರಿಸಿದಳು. "ಇವರನ್ನೂ ಕರ್ಕೊಂಡು ಹೋಗಿ."