ಕೋರ್ಟಿಗೆ ಹೊಲಿದ ಪ್ಯಾಂಟು

“ಅದು ಬೇಡ ಅಂದೆನಲ್ಲ ಅಣ್ಣಾ, ಕೊಡಿ ಇಲ್ಲಿ!” ದರ್ಜಿಯ ಹೆಂಡತಿ ಪಕ್ಕದಂಗಡಿಯ ಕ್ಷೌರಿಕನ ಕೈಯಿಂದ ಬೂದು ಪ್ಯಾಂಟನ್ನು ಕಿತ್ತುಕೊಂಡಳು. ಸತ್ತ ಗಂಡನ ಮೈ ಒರೆಸಿಯಾಗಿತ್ತು, ಬಟ್ಟೆ ತೊಡಿಸುವುದಷ್ಟೇ ಬಾಕಿ.

“ಇದಕ್ಕಿಂತ ಒಳ್ಳೇದು ಪೆಟ್ಟಿಗೇಲಿ ಇನ್ನೊಂದಿಲ್ಲ ಕಣಮ್ಮ. ಊರಿಗೆಲ್ಲ ಹೊಲಿದ ಮನುಷ್ಯ, ಹರಕಲಲ್ಲಿ ಕಳಿಸ್ತೀಯಾ?”

“ಹರಕಲೇ ಸಾಕು. ನಮ್ಮ ಮನೆ ಹಾಳು ಮಾಡಿದ್ದೇ ಇದು.”

ಆ ಪ್ಯಾಂಟಿನ ಕತೆ ಬೀದಿಗೆಲ್ಲ ಗೊತ್ತಿತ್ತು. ದರ್ಜಿ ತಾನೇ ಎಲ್ಲರಿಗೂ ಹೇಳಿಕೊಂಡು ಹಣೆ ಚಚ್ಚಿಕೊಳ್ಳುತ್ತಿದ್ದ.

*

ಲಾರಿ ಅವನ ಎಡಗಾಲಿನ ಮೇಲೆ ಹರಿದಾಗ ಅವರ ಮದುವೆ ಇನ್ನೂ ಹೊಸದು. ಕಾಲು ಉಳಿಯಿತು, ಆದರೆ ಗಿಡ್ಡವಾಯಿತು. ಹೊಲಿಗೆ ಯಂತ್ರವನ್ನು ಹೆಚ್ಚು ಹೊತ್ತು ತುಳಿಯಲಾಗದೆ ಅಂಗಡಿ ಸೊರಗಿತು. ಪರಿಹಾರದ ಕೇಸಿಗೆ ಓಡಾಡಿದವನು ಅವನ ತಮ್ಮ.

ವಿಚಾರಣೆ ಹತ್ತಿರ ಬಂದಾಗ ಆ ತಮ್ಮ, “ಅಣ್ಣಾ, ಜಡ್ಜ್ ಮುಂದೆ ಭಿಕ್ಷುಕನ ಹಾಗೆ ನಿಂತ್ರೆ ಯಾರೂ ಬೆಲೆ ಕೊಡಲ್ಲ. ಠೀವಿಯಾಗಿ ಬಾ” ಎಂದ.

ದರ್ಜಿಗೆ ಅಷ್ಟು ಸಾಕಾಯಿತು. ಬಲಗಾಲೊಂದರಲ್ಲೇ ಯಂತ್ರ ತುಳಿದು, ಗಿಡ್ಡ ಕಾಲಿನ ಎತ್ತರದ ಅಟ್ಟೆಯ ಬೂಟು ಪೂರ್ತಿ ಮುಚ್ಚುವಂತೆ, ಕುಂಟು ಯಾರ ಕಣ್ಣಿಗೂ ಬೀಳದಂತೆ ಪ್ಯಾಂಟು ಹೊಲಿದ. ಎದುರು ವಕೀಲ ನಡೆದು ತೋರಿಸಿ ಎಂದಾಗ ಹಲ್ಲು ಕಚ್ಚಿ ಮದುಮಗನ ಹಾಗೆ ನಡೆದ. ಡಾಕ್ಟರು ಬರೆದದ್ದಕ್ಕಿಂತ ಜಡ್ಜು ಕಣ್ಣಾರೆ ಕಂಡದ್ದೇ ದೊಡ್ಡದಾಯಿತು. ಸಿಕ್ಕ ಪರಿಹಾರ ಆಸ್ಪತ್ರೆಯ ಖರ್ಚಿಗೂ ಸಾಲಲಿಲ್ಲ.

ಅವಳು ಕಂಡವರ ಮನೆಯ ಪಾತ್ರೆ ತಿಕ್ಕಲು ಹೋದಳು. ಸಿಟ್ಟು ಬಂದಾಗಲೆಲ್ಲ “ಶೋಕಿ ಮಾಡಿ ಅನ್ನ ಕಳ್ಕೊಂಡ್ರಿ” ಎಂದು ಚುಚ್ಚುತ್ತಿದ್ದಳು. ಅವನು ಒಮ್ಮೆಯೂ ಎದುರಾಡಲಿಲ್ಲ.

*

ಬಾಗಿಲಲ್ಲಿ ಗುರುತಿಲ್ಲದ ಮುದುಕನೊಬ್ಬ ನಿಂತಿದ್ದ.

“ಅಮ್ಮಾ, ಅವತ್ತು ಲಾರಿ ಓಡಿಸ್ತಿದ್ದವನು ನಾನು. ಕೊನೇ ಸಲ ನೋಡ್ಕೊಂಡು ಹೋಗೋಣ ಅಂತ ಬಂದೆ.”

ಬೈಯಲು ಅವಳಲ್ಲಿ ತ್ರಾಣವಿರಲಿಲ್ಲ. “ಬನ್ನಿ” ಎಂದಳು.

“ದೊಡ್ಡ ಮನಸ್ಸು ನಿಮ್ಮೆಜಮಾನ್ರದ್ದು. ತಮ್ಮನಿಗೆ ಕೆಲಸ ಸಿಗಲಿ ಅಂತ ಕೇಸನ್ನೇ ಬಿಟ್ಟುಕೊಟ್ರಲ್ಲ.”

“ಯಾರು ಬಿಟ್ಟುಕೊಟ್ಟಿದ್ದು?”

ಡ್ರೈವರ್ ತಬ್ಬಿಬ್ಬಾದ. “ನಿಮಗೆ ಗೊತ್ತಿಲ್ವಾ? ವಿಚಾರಣೆಗೆ ಮುಂಚೆ ನಿಮ್ಮ ಮೈದುನ ನಮ್ಮ ಲಾರಿ ಸಾಹುಕಾರರ ಹತ್ರ ಬಂದಿದ್ದ. ‘ಅಣ್ಣ ಕೋರ್ಟಲ್ಲಿ ನೆಟ್ಟಗೆ ನಡೆಯೋ ಹಾಗೆ ನಾನು ನೋಡ್ಕೋತೀನಿ, ನನಗೆ ಮ್ಯಾನೇಜರ್ ಕೆಲಸ ಕೊಡಿ’ ಅಂದ. ನನ್ನೆದುರಿಗೇ. ಮನೆಯವರೆಲ್ಲ ಕೂತು ಮಾಡಿದ ತೀರ್ಮಾನ ಅಂದ್ಕೊಂಡಿದ್ದೆ.”

ಸಾಹುಕಾರರು ಕನಿಕರಪಟ್ಟು ಕೆಲಸ ಕೊಟ್ಟರು ಎಂದಲ್ಲವೇ ಮೈದುನ ಇಷ್ಟು ವರ್ಷ ಹೇಳಿದ್ದು! ಆ ಮೋಸಕ್ಕಿಂತ ಹೆಚ್ಚಾಗಿ ಅವಳನ್ನು ಸುಟ್ಟದ್ದು ಅವಳದೇ ಚುಚ್ಚುಮಾತು. ತಪ್ಪು ತನ್ನದೇ ಎಂದು ನಂಬಿಕೊಂಡೇ ಆ ಮನುಷ್ಯ ಹೋಗಿಬಿಟ್ಟಿದ್ದ. ಇನ್ನು ಅವನಿಗೆ ಹೇಳುವುದು ಹೇಗೆ?

ಪ್ಯಾಂಟನ್ನು ಕ್ಷೌರಿಕನ ಕೈಗಿಟ್ಟು, “ಇದನ್ನೇ ತೊಡಿಸಿ” ಎಂದಳು.

ಚಟ್ಟ ಎತ್ತುವ ಹೊತ್ತಾಯಿತು. ಎಲ್ಲರಿಗಿಂತ ಜೋರಾಗಿ ಅಳುತ್ತಿದ್ದ ಮೈದುನ ತಲೆಯ ಕಡೆ ಬಂದು ಬಗ್ಗಿದ.

“ಅವರನ್ನ ಕೋರ್ಟಲ್ಲಿ ನೆಟ್ಟಗೆ ನಡೆಸ್ತೀನಿ ಅಂತ ಸಾಹುಕಾರನಿಗೆ ಮಾತು ಕೊಟ್ಟಿದ್ಯಾ?” ಎಂದು ಅವಳು ಕೇಳಿದಳು.

ಅವನ ಅಳು ನಿಂತಿತು. ಡ್ರೈವರನನ್ನು ನೋಡಿದ, ನೆಲ ನೋಡಿದ. “ಇಂಥ ಹೊತ್ತಲ್ಲಿ ಅದ್ಯಾಕೆ ಅತ್ತಿಗೆ?”

“ನೀನು ಹೆಗಲು ಕೊಡಬೇಡ.” ಅವಳು ಡ್ರೈವರನತ್ತ ತಿರುಗಿದಳು. “ನೀವು ಬನ್ನಿ.”

“ನಾನಾ? ಅಮ್ಮಾ, ನನ್ನ ಕೈಯಿಂದಲೇ ಅಲ್ವಾ...”

“ನೀವು ಬೇಕು ಅಂತ ಮಾಡಿದ್ದಲ್ಲ.”

ಮುದುಕ ಬಂದು ಹೆಗಲು ಕೊಟ್ಟ. ನಾಲ್ವರು ಬೀದಿಗಿಳಿದರು, ಅವಳೂ ಜನರೂ ಹಿಂದೆ ನಡೆದರು. ಭಾರ ಹೊರಲೆಂದು ಮೈದುನ ಹೆಗಲ ಮೇಲೆ ಟವೆಲ್ಲೊಂದನ್ನು ದಪ್ಪಗೆ ಮಡಿಸಿ ಇಟ್ಟುಕೊಂಡಿದ್ದ. ಅದನ್ನು ತೆಗೆಯಲೂ ತೋಚದೆ ಅವನು ಖಾಲಿ ಮನೆಯ ಬಾಗಿಲಲ್ಲಿ ನಿಂತೇ ಇದ್ದ.