ಕಾಸಿದ ಹಲಗಿ

ಬೆಳಿಗ್ಗೆ ಹತ್ತೂವರೆಗೆ ವಿಶ್ವರಾಧ್ಯ ಹಾಡಿನಿಂದ ಬೆಂಕಿಯ ಸದ್ದನ್ನು ತೆಗೆದುಹಾಕಿದ.

ಶಹಾಪುರದ ಎಣ್ಣೆ ಗಿರಣಿಯ ಮೇಲಿನ ಕೋಣೆಯಲ್ಲಿ ಅವನ ಹೆವಿ ಮೆಟಲ್ ಬ್ಯಾಂಡ್ ‘ಕರಿಗುಂಡು’ ತನ್ನ ಹಳೆಯ ಹಾಡುಗಳನ್ನು ಲಾಸ್‌ಲೆಸ್ ಫೈಲುಗಳಾಗಿ, ಅಂದರೆ ಧ್ವನಿಯ ಯಾವ ಅಂಶವೂ ಬಿಟ್ಟುಹೋಗದಂತೆ, ಕಾಪಿಡುತ್ತಿತ್ತು. ಮೊದಲ ಹಾಡನ್ನು ವನದುರ್ಗದ ಕೋಟೆಗೋಡೆಯ ಬಳಿ ಮುದ್ರಿಸಿದ್ದರು. ಗಿಟಾರಿನ ಜೊತೆ ಹಲಗಿ, ಅಂದರೆ ತಮಟೆ, ಬಾರಿಸಿದವನು ಕಕ್ಕೇರಾದ ದುರಗಪ್ಪ. ಚರ್ಮ ಸಡಿಲಾದಾಗಲೆಲ್ಲ ಅವನು ಹುಲ್ಲು ಉರಿಸಿ ಹಲಗಿ ಕಾಸುತ್ತಿದ್ದ. ಬಿಗಿಯಾದ ಮೇಲೆ ಅದು ಕಲ್ಲೊಡೆದಂತೆ ಸಿಡಿಯುತ್ತಿತ್ತು. ಈಗ ಬ್ಯಾಂಡಿನಲ್ಲಿ ಹಲಗಿ ಇಲ್ಲ, ಕೀಬೋರ್ಡ್ ಇದೆ. ಹಾಡುವಾಗ ಅರಚುತ್ತಿದ್ದ ವಿಶ್ವರಾಧ್ಯ ಈಗ ರಾಗ ಎಳೆಯುತ್ತಾನೆ. ದುರಗಪ್ಪ ಹೋದ ವರ್ಷ ತೀರಿಕೊಂಡ. ಅವನ ಹಲಗಿಯ ಬೇರೆ ಮುದ್ರಣ ಎಲ್ಲೂ ಇಲ್ಲ.

ಬ್ಯಾಂಡಿನಲ್ಲಿ ಡ್ರಮ್ಸ್ ಬಾರಿಸುವ ಸವಿತಾ ದುರಗಪ್ಪನ ಮಗಳು. ಹಾಡು ಕೇಳಿ ಹೆಡ್‌ಫೋನ್ ಕೆಳಗಿಟ್ಟಳು.

“ಚಟಪಟ ಎಲ್ಲಿ ಹೋತ್ರಿ, ವಿಶ್ವಣ್ಣ?”

“ಕಚರಾ ಇತ್ತವ್ವ, ತೆಗದೀನಿ. ಈಗ ಹೊಸಾ ಹಾಡಿನ ಜೋಡಿ ಹೊಂದ್ತದ.”

“ಅಪ್ಪ ಹಲಗಿ ಕಾಸಾಕತ್ತಿದ್ದ, ಅದು ಕಚರಾ ಅಲ್ಲ. ಪೆಟ್ಟೂ ಮೆತ್ತಗಾಗ್ಯಾವ, ಹಸೀ ರೊಟ್ಟಿ ಬಡಿದಂಗ.”

“ಲಾಸ್‌ಲೆಸ್ ಮಾಡೀನಿ. ಏನೂ ಹೋಗಿಲ್ಲ.”

“ಎತ್ತು ಮಾರಿ ಕೊಟ್ಟಿಗಿಗೆ ಕೀಲಿ ಹಾಕೀರಿ.”

ಗಿಟಾರ್ ನುಡಿಸುವ ಶಿವರಾಜ ನಗು ನುಂಗಿದ. ಅವನ ಕೈಯಲ್ಲಿ ರೆಕಾರ್ಡರ್ ಇತ್ತು. ಮೂಲ ಹಾಡು ಉಳಿದಿದ್ದುದು ಅದರ ಕಾರ್ಡಿನಲ್ಲಿ ಮಾತ್ರ. ಮಧ್ಯಾಹ್ನ ಹೊಸ ಹಾಡು ಮುದ್ರಿಸಲು ಆ ಕಾರ್ಡನ್ನು ಅಳಿಸುವುದೆಂದು ವಿಶ್ವರಾಧ್ಯ ಆಗಲೇ ಹೇಳಿದ್ದ.

“ಶಿವಣ್ಣ, ಕಾರ್ಡ್ ಕೊಡ್ರಿ.”

“ಕೊಡಬ್ಯಾಡಲೇ,” ಎಂದ ವಿಶ್ವರಾಧ್ಯ. “ಮುದುಕ ಬೀಡಿ ಹಚ್ಚಿದ ಸಪ್ಪಳನೂ ಜ್ವಾಪಾನ ಮಾಡಬೇಕೇನು?”

“ಮಾಡಬೇಕು. ನೀವು ಒದರಿದ್ದು ಜ್ವಾಪಾನ ಮಾಡಿಲ್ಲೇನು? ಆವಾಗ ಪೋಸ್ಟರಿಗೆ ನಮ್ಮಪ್ಪ ಬೇಕಿದ್ದ, ಅವನ ಹಲಗಿ ಬೇಕಿತ್ತು. ಈಗ ನಿಮಗ ಹೊಗಿ ನಾರಾಕತ್ತೇದ.”

ಅವಳು ದನಿ ಏರಿಸಲಿಲ್ಲ. ವಿಶ್ವರಾಧ್ಯ ಕಂಪ್ಯೂಟರಿನತ್ತ ತಿರುಗಿಕೊಂಡ. ಶಿವರಾಜ ಕಾರ್ಡನ್ನು ಹೊರತೆಗೆದು ಅವಳ ಅಂಗೈಯಲ್ಲಿಟ್ಟ.

“ಮಧ್ಯಾಹ್ನ ಡ್ರಮ್ಸ್ ಯಾರು ಬಾರಿಸ್ತಾರ?” ವಿಶ್ವರಾಧ್ಯ ಕೇಳಿದ.

“ಕೀಬೋರ್ಡಿಗೆ ಕೇಳ್ರಿ. ಅದಕ್ಕ ಎಲ್ಲಾ ಬರ್ತದಲ್ಲ.”

ಸವಿತಾ ಸುರಪುರದ ಬಸ್ಸು ಹತ್ತಿದಳು. ಅಲ್ಲಿ ಇನಾಯತನ ಮೈಕ್‌ಸೆಟ್ ಅಂಗಡಿಯಲ್ಲಿ ಮೂಲ ಹಾಡು, ಬೆಂಕಿಯ ಸದ್ದಿನ ಸಮೇತ, ಎರಡು ಹಾರ್ಡ್ ಡಿಸ್ಕುಗಳಿಗೆ ನಕಲಾಯಿತು. ಶಹಾಪುರದಲ್ಲಿ ಆ ಮಧ್ಯಾಹ್ನ ಮುದ್ರಣ ನಡೆಯಲಿಲ್ಲ.